ಎಂಬತ್ತಮೂರು ಮರದ ಸಾಕ್ಷಿ

ಬಾಗಿಲು ದಡಾರನೆ ಮುಚ್ಚಿಕೊಂಡಿತು!

ಹೊರಗೆ ಅಗುಳಿ ಬಿದ್ದ ಸದ್ದು. ಆಮೇಲೆ ಬೀಗದ ಸದ್ದು. ಆಮೇಲೆ ಒಬ್ಬ ಮನುಷ್ಯ ಹೊಟ್ಟೆ ತುಂಬ ನಕ್ಕ ಸದ್ದು.

ನಾನು ಕತ್ತಲಲ್ಲಿ ನಿಂತಿದ್ದೆ. ತಲೆಯ ಮೇಲೆ ಸಾಲು ಸಾಲಾಗಿ ನೇತುಬಿದ್ದ ಹೊಗೆಸೊಪ್ಪು. ಕಾಲ ಬಳಿ ದಪ್ಪ ತಗಡಿನ ಕೊಳವೆ. ರಾಮನಾಥಪುರದ ಕಡೆ ಹೋಗಿದ್ದೀರಾ ನೀವು? ಹೊಲದ ನಡುವೆ ಎತ್ತರದ ಮೊಂಡು ಮನೆಗಳು ಕಾಣುತ್ತವಲ್ಲ... ಅವಕ್ಕೆ ಬ್ಯಾರನ್ ಅನ್ನುತ್ತಾರೆ. ಹೊರಗಿನ ಒಲೆಗೆ ಸೌದೆ ಹಾಕಿದರೆ ಒಳಗಿನ ಕೊಳವೆ ಕಾಯುತ್ತದೆ. ಸೊಪ್ಪು ಹಳದಿಯಾಗಿ ಒಣಗುತ್ತದೆ.

ಒಳಗೆ ಮನುಷ್ಯನಿದ್ದರೆ ಅವನೂ ಒಣಗುತ್ತಾನೆ!

"ಲೇ ಪಾಪಯ್ಯ!" ಹೊರಗಿನಿಂದ ಮೀಸೆ ಚೆನ್ನಯ್ಯನ ದನಿ. "ಒಲೆ ಅಚ್ಚಿವ್ನಿ ಕಣ್ಲಾ. ನಿಂದು ಕೋರ್ಟು ಅನ್ನೊಂದು ಗಂಟೆಗಲ್ವಾ? ನಾನು ಅನ್ನೆರಡಕ್ಕೆ ಬಾಗ್ಲು ತೆಗೀತೀನಿ. ಅಲ್ಲೀಗಂಟ ಬೆಚ್ಚಗಿರು!"

"ಅಷ್ಟೊತ್ತಿಗೆ ಸತ್ತೋಗಿರ್ತೀನಲ್ಲೋ!"

"ಸತ್ರೆ ನಿನ್ನೂ ಸೊಪ್ಪಿನ್ ಜೊತೆ ಮೂಟೆ ಕಟ್ತೀನಿ ಬುಡು!"

ವಾಚು ನೋಡಿಕೊಂಡೆ. ಏಳು ಗಂಟೆ ಹತ್ತು ನಿಮಿಷ. ಕೊಳವೆ ಆಗಲೇ ಟಣ್ ಟಣ್ ಎಂದು ಸದ್ದು ಮಾಡತೊಡಗಿತ್ತು.

ಮೂಲೆಯಲ್ಲಿ ಯಾರೋ ಸೀನಿದರು!

"ಯಾರದು?"

"ನಾನು ಸಾ... ಸಣ್ಣಯ್ಯ. ನುಗ್ಗೇಹಳ್ಳಿ ತಾವ್ಲೋನು. ತೆಂಗಿನ್ ಮರ ಅತ್ತೋನು."

ನನಗೆ ನಗು ಬಂತು. ಇದೇ ಮನುಷ್ಯನನ್ನು ಹುಡುಕಿಕೊಂಡು ನಾಲ್ಕು ದಿನದಿಂದ ಊರೂರು ತಿರುಗುತ್ತಿದ್ದೆ. ಸಿಕ್ಕಿದ... ಒಳ್ಳೆಯ ಜಾಗದಲ್ಲೇ ಸಿಕ್ಕಿದ!

ನಾನು ಯಾರೆಂದು ಹೇಳಲೇ ಇಲ್ಲ ಅಲ್ಲವೆ? ಪಾಪಯ್ಯ. ಮಿಲಿಟರಿಯಲ್ಲಿ ಆರು ವರ್ಷ. ಬರ್ಮಾದಲ್ಲಿ ತೊಡೆಗೆ ಒಂದು ಗುಂಡು. ವಾಪಸ್ ಬಂದ ಮೇಲೆ ಹಾಸನದ ವಕೀಲ ಈಶ್ವರಯ್ಯನವರ ಬಳಿ ಕೆಲಸ. ಆಫೀಸಿನ ಬೋರ್ಡಿನಲ್ಲಿ ನನ್ನ ಹೆಸರಿಲ್ಲ. ಸಾಕ್ಷಿ ನಾಪತ್ತೆಯಾದರೆ, ಯಾರಾದರೂ ಕಕ್ಷಿದಾರನನ್ನು ಹೆದರಿಸಿದರೆ ನನ್ನನ್ನು ಕಳಿಸುತ್ತಾರೆ. ಕೋರ್ಟಿನಲ್ಲಿ ಬಯ್ಯುವುದು ಅವರ ಕೆಲಸ, ಏಟು ತಿನ್ನುವುದು ನನ್ನ ಕೆಲಸ. ಕೆಲವು ಸಲ ಕೊಡುವುದೂ ಉಂಟು!

ಇದು ಸಾವಿರದ ಒಂಬೈನೂರ ಅರವತ್ತನಾಲ್ಕರ ಕತೆ. ಕೇಸು ಮಲ್ಲಿಗಮ್ಮನದು.

ನುಗ್ಗೇಹಳ್ಳಿ ಹೋಬಳಿಯಲ್ಲಿ ಅವಳಿಗೆ ಎರಡೆಕರೆ. ನಮ್ಮಂಥ ಕೇರಿಯ ಜನಕ್ಕೆ ಸರ್ಕಾರ ಜಮೀನು ಕೊಟ್ಟ ಕಾಲದಲ್ಲಿ ಅವಳ ಗಂಡನಿಗೆ ಸಿಕ್ಕಿದ್ದು. ಬರೀ ಕಲ್ಲು. ಗಂಡ ಹೆಂಡತಿ ಕಲ್ಲು ಆರಿಸಿದರು, ತೆಂಗಿನ ಸಸಿ ಇಟ್ಟರು, ಮಡಕೆಯಲ್ಲಿ ನೀರು ಹೊತ್ತರು. ಗಂಡ ತೀರಿಕೊಂಡ. ಅವಳು ಹೊರುವುದನ್ನು ನಿಲ್ಲಿಸಲಿಲ್ಲ. ಎಂಬತ್ತಮೂರು ಮರ ಎದ್ದು ನಿಂತು ಕಾಯಿ ಬಿಟ್ಟವು.

ಆಮೇಲೆ ಸರ್ಕಾರ ಬಂತು. ಹೊಸ ಕೆರೆ ಕಟ್ಟಬೇಕು, ನಿನ್ನ ಜಮೀನು ಬೇಕು, ಪರಿಹಾರ ಕೊಡುತ್ತೇವೆ ಅಂದರು. ಆಫೀಸರೊಬ್ಬರು ಸ್ಥಳಕ್ಕೆ ಬಂದು ಕೇಳಿದರು.

"ಎಷ್ಟು ಮರ ಫಲ ಕೊಡುತ್ತವಮ್ಮ?"

ಇವಳು ಏನು ಹೇಳಬೇಕಿತ್ತು? ಎಂಬತ್ತಮೂರು ಅನ್ನಬೇಕಿತ್ತು. ಆದರೆ ನಮ್ಮ ಕಡೆ ಹೆಂಗಸರು ಹಾಗೆಲ್ಲ ಹೇಳುವುದಿಲ್ಲ. ಗುರುತಿಲ್ಲದವರ ಎದುರು ಫಸಲು ಚೆನ್ನಾಗಿದೆ ಅಂತ ಬಾಯಿಬಿಟ್ಟರೆ ಕಣ್ಣು ಬೀಳುತ್ತದೆ! ಅದಕ್ಕೆ ಸೆರಗು ಮುಂದೆ ಎಳೆದುಕೊಂಡು ಅಂದಳು...

"ಎಲ್ ಬುಟ್ಟವು ಬುದ್ಧಿ... ಎಲ್ಲಾ ಒಣಗೋಯ್ತಾ ಅವೆ."

ಆಫೀಸರು ದೂರದ ಊರಿನವರು. ಹಾಗೇ ಬರೆದುಕೊಂಡರು. ಕೆಳಗೆ ಇವಳ ಹೆಬ್ಬೆಟ್ಟು!

ಪಕ್ಕದ ಜಮೀನು ಗುಂಡಯ್ಯನದು. ನಡುವೆ ಬೇಲಿಯಿಲ್ಲ. ಅವನ ನೆಲದಲ್ಲಿ ಇದ್ದದ್ದು ಒಂಬತ್ತು ಮರ. ಆದರೆ ಆಫೀಸರಿಗೆ ಎಳನೀರು ಕೆತ್ತಿಕೊಟ್ಟವನು ಅವನೇ. ಅದೂ ಮಲ್ಲಿಗಮ್ಮನ ಮರದ್ದು!

"ಒಣಗಿರೋವು ಆಯಮ್ಮನವು ಸಾ. ಕಾಯಿ ಬುಟ್ಟಿರೋವು ನಮ್ಮವು."

ಆಫೀಸರು ಗಡಿಯನ್ನು ಅವನು ತೋರಿಸಿದಂತೆ, ಫಲವನ್ನು ಇವಳು ಹೇಳಿದಂತೆ ಬರೆದುಕೊಂಡರು. ಆಯಿತಲ್ಲ! ಮಲ್ಲಿಗಮ್ಮನಿಗೆ ಮೂವತ್ತು ಒಣ ಮರ, ಸೌದೆ ಬೆಲೆ. ಗುಂಡಯ್ಯನಿಗೆ ಅರವತ್ತೆರಡು ಫಲದ ಮರ, ತೋಟದ ಬೆಲೆ. ಐವತ್ತಮೂರು ಮರ ಕಾಲು ಬಂದಂತೆ ಅತ್ತ ನಡೆದುಹೋಗಿದ್ದವು.

ಪರಿಹಾರ ಸಾಲದಿದ್ದರೆ ಕೋರ್ಟಿಗೆ ಕಳಿಸಿ ಅಂತ ಅರ್ಜಿ ಹಾಕಬಹುದು. ಈಶ್ವರಯ್ಯನವರು ಹಾಕಿದರು. ಕೇಸು ಹಾಸನಕ್ಕೆ ಬಂತು. ಆದರೆ ಸಾಬೀತು ಮಾಡುವುದು ಹೇಗೆ? ಹೋಗಿ ಎಣಿಸೋಣ ಅಂದರೆ ಮರಗಳೇ ಇಲ್ಲ. ಕಡಿದು, ಏರಿ ಹಾಕಿ, ನೀರೂ ನಿಂತಿದೆ. ಊರಿನವರು ಗುಂಡಯ್ಯನ ಹೆಸರು ಹೇಳಿದರೆ ಕೆಮ್ಮುತ್ತಾರೆ. ಇನ್ನು ಮಲ್ಲಿಗಮ್ಮನ ಮಾತು ಯಾರು ನಂಬುತ್ತಾರೆ? ಅವಳ ಹೆಬ್ಬೆಟ್ಟೇ ಅವಳ ಎದುರು ಸಾಕ್ಷಿ!

ಕಳೆದ ವಾಯಿದೆಯ ದಿನ ಕೋರ್ಟಿನ ಜಗಲಿಯ ಮೇಲೆ ಕೂತು ಅವಳು ನನಗೆ ಹೇಳಿದ್ದು ಇಷ್ಟು.

"ಪಾಪಣ್ಣ, ಆ ದುಡ್ಗೆ ಅರ್ಧ ಎಕ್ರೆ ನೆಲಾನೂ ಬರಾಕಿಲ್ಲ. ನಾನು ಇನ್ನು ಆ ಗುಂಡಯ್ಯನ್ ಒಲ್ದಾಗೆ ಕಳೆ ಕೀಳ್ಬೇಕಾಯ್ತದೆ. ನನ್ ಮರ ತಿಂದೋನ್ ಒಲ್ದಾಗೆ!"

ನನಗೆ ಕಣ್ಣಲ್ಲಿ ನೀರು ಬರುವುದು ಕಡಿಮೆ. ಅಂದು ಬಂತು. ಅದಕ್ಕಿಂತ ಹೆಚ್ಚಾಗಿ ಸಿಟ್ಟು ಬಂತು.

ಜಡ್ಜ್ ಸಾಹೇಬರು ಗುರುವಾರ ಹನ್ನೊಂದು ಗಂಟೆಯವರೆಗೆ ಟೈಮ್ ಕೊಟ್ಟಿದ್ದರು. ಆಮೇಲೆ ಸಾಕ್ಷಿ ವಿಚಾರಣೆ ಮುಕ್ತಾಯ! ಆ ಮರಗಳನ್ನು ನಿಜವಾಗಿ ಎಣಿಸಿದವನು ಭೂಮಿಯ ಮೇಲೆ ಒಬ್ಬನೇ. ಎರಡೂ ಜಮೀನಿನಲ್ಲಿ ಕಾಯಿ ಕೀಳುತ್ತಿದ್ದ ಸಣ್ಣಯ್ಯ. ಅವನನ್ನು ಗುಂಡಯ್ಯ ಕೂಲಿಯ ಆಸೆ ತೋರಿಸಿ ರಾಮನಾಥಪುರಕ್ಕೆ, ತನ್ನ ಭಾಮೈದನ ಹೊಗೆಸೊಪ್ಪಿನ ಹೊಲಕ್ಕೆ ಸಾಗಿಸಿದ್ದ. ಕಾವಲಿಗೆ ಮೀಸೆ ಚೆನ್ನಯ್ಯ; ನಾನು ಬರುವ ಸುಳಿವು ಸಿಕ್ಕಿ ಸಣ್ಣಯ್ಯನನ್ನು ಮೊದಲೇ ಬ್ಯಾರನ್ನಿಗೆ ತಳ್ಳಿದ್ದ.

ಇವತ್ತೇ ಆ ಗುರುವಾರ. ನಾನು ಬೆಳಗ್ಗೆ ಸೊಪ್ಪಿನ ವ್ಯಾಪಾರಿಯ ವೇಷದಲ್ಲಿ ಬಂದೆ. "ಒಳಗೆ ಬಂದು ಸೊಪ್ಪು ನೋಡಿ ಸಾ" ಅಂದ ಚೆನ್ನಯ್ಯ, ನನ್ನ ಗುರುತು ಹಿಡಿದೂ ಹಿಡಿಯದವನ ಹಾಗೆ. ಹೋದೆ. ಇಪ್ಪತ್ತು ವರ್ಷದ ಅನುಭವ ಇರುವವನು ಹೀಗೆ ಕುರಿಯ ಹಾಗೆ ಒಳಗೆ ಹೋದ! ನನ್ನನ್ನು ನಾನೇ ಬೈದುಕೊಂಡೆ.

ಬೆವರು ಧಾರಾಕಾರ ಸುರಿಯುತ್ತಿತ್ತು. ಉಸಿರಾಡಿದರೆ ಗಂಟಲಲ್ಲಿ ಹೊಗೆಸೊಪ್ಪಿನ ಖಾರ. ಬಾಗಿಲಿಗೆ ಭುಜ ಕೊಟ್ಟೆ. ಒಮ್ಮೆ... ಎರಡು ಸಲ... ಬಾಗಿಲು ಅಲುಗಲಿಲ್ಲ. ಭುಜ ಅಲುಗಿತು.

"ಸಾ, ಬಾಗ್ಲು ಯಾಕೆ?" ಅಂದ ಸಣ್ಣಯ್ಯ. "ಮ್ಯಾಲೆ ಓಗಾಣ."

"ಮೇಲೆ ಹೋಗೋದು ಹೆಂಗಿದ್ರೂ ಇದ್ದೇ ಇದೆಯಲ್ಲಯ್ಯ!"

"ಅಂಗಲ್ಲ ಸಾ... ಮಾಡ್ಗೆ."

ಸೊಪ್ಪು ಕಟ್ಟುವ ಗಳುಗಳು ಗೋಡೆಯಿಂದ ಗೋಡೆಗೆ, ಒಂದರ ಮೇಲೊಂದು, ಮಾಡಿನ ಹೆಂಚಿನವರೆಗೂ ಇದ್ದವು. ಸಣ್ಣಯ್ಯ ಅಂಗೈಗೆ ಉಗುಳಿಕೊಂಡ. ಹತ್ತಿದ. ನಾನು ಕಣ್ಣು ಮಿಟುಕಿಸುವಷ್ಟರಲ್ಲಿ ಮೇಲಿದ್ದ! ಹೆಂಚು ಸರಿದವು. ಬೆಳಕು ಬಂತು.

"ಸಾ! ಇಲ್ಲಿಂದ ಒಳೆ ಎಷ್ಟ್ ಚೆಂದಾಗ್ ಕಾಣ್ತದೆ!"

"ಹೊಳೆ ಆಮೇಲೆ ನೋಡೋವಂತೆ! ನಾನು ಹತ್ತೋದು ಹೆಂಗೆ?"

"ಬಲಗಾಲು ಮ್ಯಾಲಿಡಿ... ಕೆಳಗ್ ನೋಡ್ಬ್ಯಾಡಿ... ಅದು ಕೊಳೆತಿರೋ ಗಳ ಸಾ, ಅದಲ್ಲ!"

ಬರ್ಮಾದಲ್ಲಿ ಗುಡ್ಡ ಹತ್ತಿದ್ದೇನೆ, ಗುಂಡಿನ ನಡುವೆ ಹತ್ತಿದ್ದೇನೆ. ಇಷ್ಟು ಹೆದರಿಕೆ ಆಗಿರಲಿಲ್ಲ. ಗುಂಡು ತಗಲಿದ್ದ ಕಾಲನ್ನು ಕೈಯಿಂದ ಎತ್ತಿ ಎತ್ತಿ ಗಳುವಿನ ಮೇಲಿಟ್ಟೆ. ಕೊನೆಗೆ ಅವನು ನನ್ನ ಕಾಲರ್ ಹಿಡಿದು ಎಳೆದುಕೊಂಡ.

ಮಾಡಿನ ಮೇಲೆ ಇಬ್ಬರೂ ಕಪ್ಪೆಗಳ ಹಾಗೆ ಕುಳಿತೆವು. ಕೆಳಗೆ ಸೌದೆಯ ರಾಶಿ. ನಾನು ಕಣ್ಣು ಮುಚ್ಚಿ ಹಾರಿದೆ.

ಧೊಪ್!

ನಾನು ಬಿದ್ದದ್ದು ಸೌದೆಯ ಮೇಲಲ್ಲ. ಒಲೆಗೆ ಸೌದೆ ತುರುಕಲು ಬಗ್ಗಿದ್ದ ಚೆನ್ನಯ್ಯನ ಬೆನ್ನ ಮೇಲೆ!

"ಅಯ್ಯಯ್ಯಪ್ಪೋ!"

"ಬೆಚ್ಚಗಿದ್ದೀಯಾ ಚೆನ್ನಯ್ಯ?" ಅಂದೆ. ಒಂದು ಕೊಟ್ಟೆ. ದವಡೆಗೆ. ಮೀಸೆ ಒಂದು ಕಡೆ ವಾಲಿತು. ಅಷ್ಟರಲ್ಲಿ ಸಣ್ಣಯ್ಯನೂ ಹಾರಿದ.

ನನ್ನ ಮೋಟಾರ್ ಸೈಕಲ್ ಹುಣಸೆಮರದ ಕೆಳಗಿತ್ತು. ಯುದ್ಧ ಮುಗಿದ ಮೇಲೆ ಹರಾಜಿನಲ್ಲಿ ಕೊಂಡದ್ದು. ಸ್ಟಾರ್ಟ್ ಆಗಬೇಕಾದರೆ ಅದರ ಮನಸ್ಸು ಒಪ್ಪಬೇಕು. ಒದ್ದೆ. ಒಪ್ಪಲಿಲ್ಲ. ಚೆನ್ನಯ್ಯ ಎದ್ದು "ಜೀಪ್ ತೆಗೀರ್ಲಾ!" ಎಂದು ಕೂಗಿದ. ಇನ್ನೊಂದು ಒದ್ದೆ.

ಡುಗ್ ಡುಗ್ ಡುಗ್...!

ಅರಕಲಗೂಡಿನ ರಸ್ತೆಯಲ್ಲಿ ಧೂಳೆದ್ದಿತು. ಸಣ್ಣಯ್ಯ ನನ್ನ ಸೊಂಟವನ್ನು ತೆಂಗಿನ ಮರದ ಹಾಗೆ ತಬ್ಬಿಕೊಂಡಿದ್ದ.

"ಸಾ, ಜೀಪು ಬತ್ತಾ ಅದೆ."

"ಎಷ್ಟು ದೂರ?"

"ಡ್ರೈವರ್ ಬೀಡಿ ಸೇದ್ತಾ ಅವ್ನೆ... ಕಾಣ್ತದೆ."

ಅಂದರೆ ಬಹಳ ಹತ್ತಿರ! ಒಂದು ಎತ್ತಿನಗಾಡಿಯ ಪಕ್ಕದಲ್ಲಿ ನುಸುಳಿದೆ. ಗಾಡಿಯವನು ನಮ್ಮ ಅಜ್ಜನವರೆಗೂ ನೆನೆದು ಬೈದ. ಆದರೆ ಪುಣ್ಯಾತ್ಮ... ಬೈಯುವ ಭರದಲ್ಲಿ ಗಾಡಿಯನ್ನು ರಸ್ತೆಗೆ ಅಡ್ಡಲಾಗಿ ನಿಲ್ಲಿಸಿದ! ಹಿಂದೆ ಜೀಪಿನ ಹಾರನ್ ಹೊಡೆದುಕೊಂಡದ್ದೇ ಹೊಡೆದುಕೊಂಡದ್ದು.

ಅರಕಲಗೂಡು ದಾಟಿ ಹಾಸನದ ರಸ್ತೆ ಹಿಡಿಯಬೇಕು. ಹಿಡಿದೆ. ಒಂದು ಫರ್ಲಾಂಗು ಹೋಗಿರಬೇಕು... ಎದುರಿಗೆ ಅದೇ ಜೀಪು! ಯಾವುದೋ ಹೊಲದ ದಾರಿಯಲ್ಲಿ ಬಂದು ಮುಂದೆ ನಿಂತುಬಿಟ್ಟಿತ್ತು. ಬಾನೆಟ್ ಮೇಲೆ ಕೂತಿದ್ದ ಚೆನ್ನಯ್ಯನ ಕೈಯಲ್ಲಿ ಮಚ್ಚು.

"ಸಾ, ಎಗರಿಸಿ ಓಗಾಣ!"

"ಇದು ಕುದುರೆ ಅಲ್ಲ ಕಣಯ್ಯ!"

ತಿರುಗಿಸಿದೆ. ಹೊಳೆನರಸೀಪುರದ ದಾರಿ. ಸುತ್ತು ದಾರಿ, ಆದರೆ ಅಲ್ಲಿ ರೈಲಿದೆ. ಮೈಸೂರಿನ ಕಡೆಯಿಂದ ಹಾಸನಕ್ಕೆ ಹೋಗುವ ಗಾಡಿ ಸಿಕ್ಕಿದರೆ ಬದುಕಿದೆವು.

ಹೊಳೆನರಸೀಪುರದ ಸ್ಟೇಷನ್ ಕಣ್ಣಿಗೆ ಕಂಡಿತು. ಗಂಟೆ ಒಂಬತ್ತೂವರೆ. ಆಗ ಮೋಟಾರ್ ಸೈಕಲ್ ಕೆಮ್ಮಿತು... ನಿಂತಿತು. ಪೆಟ್ರೋಲ್ ಖಾಲಿ! ದಾರಿಯ ಮೇಲೇ ಅದನ್ನು ಬಿಟ್ಟು ಓಡಿದೆವು. ಇಂಜಿನ್ ಆಗಲೇ ಸಿಳ್ಳೆ ಹಾಕಿ ಹೊರಟಿತ್ತು. ಸಣ್ಣಯ್ಯ ಹಾರಿ ಹತ್ತಿದ. ನಾನು ಕಂಬಿ ಹಿಡಿದೆ, ಕಾಲು ಸಿಗಲಿಲ್ಲ, ತೂಗಾಡಿದೆ... ಮತ್ತೆ ಅದೇ ಕಾಲರ್, ಅದೇ ಕೈ!

"ಸಾ, ನಿಮ್ಗೆ ಅತ್ತೋದು ಒಸಿ ಕಷ್ಟ" ಅಂದ, ಪಾಪ, ಮರುಕದಿಂದ.

ಕಿಟಕಿಯಿಂದ ನೋಡಿದೆ. ರಸ್ತೆಯ ಮೇಲೆ ಜೀಪು ರೈಲಿನ ಜೊತೆಗೇ ಓಡುತ್ತಿತ್ತು. ರೈಲಿಗಿಂತ ಜೀಪು ಜೋರು. ನಮಗಿಂತ ಮೊದಲೇ ಹಾಸನ ಸ್ಟೇಷನ್‌ನಲ್ಲಿ ಕಾದು ನಿಲ್ಲುತ್ತಾರೆ.

ಆದರೆ ಮುಂದೆ ಒಂದು ಕಡೆ ಆ ರಸ್ತೆ ಹಳಿಯನ್ನು ದಾಟಬೇಕು. ನಮ್ಮ ಗಾಡಿ ಬರುತ್ತದೆಂದು ಗೇಟಿನವನು ಗೇಟು ಹಾಕಿದ್ದ! ಚೆನ್ನಯ್ಯ ಜೀಪಿನಿಂದ ಇಳಿದು ಗೇಟನ್ನೇ ಒದೆಯುತ್ತಿದ್ದ. ಗೇಟಿನವನು ಹಸಿರು ಬಾವುಟ ಹಿಡಿದು ಕಲ್ಲಿನ ಹಾಗೆ ನಿಂತಿದ್ದ. ನಾವಿಬ್ಬರೂ ಬಾಗಿಲಲ್ಲಿ ನಿಂತು ಕೈ ಬೀಸಿದೆವು. ಬಹಳ ಮರ್ಯಾದೆಯಿಂದ ಬೀಸಿದೆವು.

ಹಾಸನದಲ್ಲಿ ಇಳಿದು ಜಟಕಾ ಹತ್ತಿದೆವು. ಕೋರ್ಟಿನ ಮುಂದೆ ಇಳಿದಾಗ ಹನ್ನೊಂದಕ್ಕೆ ಐದು ನಿಮಿಷ. ಮೆಟ್ಟಿಲ ಮೇಲೆ ಒಬ್ಬ ಮನುಷ್ಯ ನಿಂತಿದ್ದ. ಇಸ್ತ್ರಿ ಮಾಡಿದ ಪಂಚೆ, ಜರಿ ಶಲ್ಯ, ಬೆಳ್ಳಿ ಕಟ್ಟಿನ ಕೋಲು. ಗುಂಡಯ್ಯ!

ಅವನು ನನ್ನ ಕಡೆ ನೋಡಲೂ ಇಲ್ಲ. ಸಣ್ಣಯ್ಯನ ಕಿವಿಯ ಬಳಿ ಬಗ್ಗಿದ.

"ಸಣ್ಣ... ನೀನು ಊರ್ನಾಗೆ ಬಾಳ್ಬೇಕು ಕಣ್ಲಾ. ನೆಪ್ಪಿರ್ಲಿ."

ಅಷ್ಟೇ. ಕೂಗಲಿಲ್ಲ, ಮಚ್ಚು ತೋರಿಸಲಿಲ್ಲ. ಬ್ಯಾರನ್ನಿನ ಬೆಂಕಿಗೆ ಹೆದರದ ಸಣ್ಣಯ್ಯ ಆ ಒಂದು ಮಾತಿಗೆ ಬಿಳುಚಿಕೊಂಡ. ನನಗೆ ಗುಂಡಯ್ಯನ ಕತ್ತು ಹಿಸುಕುವ ಆಸೆಯಾಯಿತು. ಕೋರ್ಟಿನ ಮೆಟ್ಟಿಲು... ಸುಮ್ಮನಾದೆ.

ಒಳಗೆ ಈಶ್ವರಯ್ಯನವರು ಕೋಟಿನ ಗುಂಡಿ ತಿರುಚುತ್ತ ನಿಂತಿದ್ದರು. ನಮ್ಮನ್ನು ನೋಡಿ ಮೂಗು ಮುಚ್ಚಿಕೊಂಡರು.

"ಏನಯ್ಯ ಇದು ವಾಸನೆ?"

"ಸಾಕ್ಷಿ ಸ್ವಾಮಿ. ಸ್ವಲ್ಪ ಹದವಾಗಿ ಒಣಗಿದೆ."

ಸಣ್ಣಯ್ಯ ಕಟಕಟೆ ಹತ್ತಿದ. ಪ್ರಮಾಣ ಮಾಡಿದ. ಬೆಂಚ್ ಕ್ಲಾರ್ಕ್ ಮೂರು ಸಲ ಸೀನಿದರು.

"ಮಲ್ಲಿಗಮ್ಮನ ಜಮೀನಿನಲ್ಲಿ ಎಷ್ಟು ಮರ ಇದ್ದವಪ್ಪ?" ಈಶ್ವರಯ್ಯನವರು ಕೇಳಿದರು.

ಸಣ್ಣಯ್ಯ ಕೋರ್ಟಿನ ಹಿಂಬದಿಗೆ ನೋಡಿದ. ಅಲ್ಲಿ ಬೆಂಚಿನ ಮೇಲೆ ಗುಂಡಯ್ಯ ಕೋಲಿನ ತುದಿ ಸವರುತ್ತ ಕೂತಿದ್ದ. ಇನ್ನೊಂದು ಮೂಲೆಯಲ್ಲಿ ಮಲ್ಲಿಗಮ್ಮ ಸೆರಗು ಹಿಡಿದು ನಿಂತಿದ್ದಳು. ಅವಳ ಮುಖ ನೋಡಲಾಗಲಿಲ್ಲ ನನ್ನಿಂದ.

"ಗೊತ್ತಿದ್ದರೆ ಹೇಳು" ಅಂದರು ಜಡ್ಜ್ ಸಾಹೇಬರು.

ಸಣ್ಣಯ್ಯ ಕಟಕಟೆಯ ಮರ ಉಜ್ಜುತ್ತ ನಿಂತ. ಇಷ್ಟು ದೂರ ಬಂದು, ಬೆಂಕಿಯಲ್ಲಿ ಬೆಂದು... ಮುಗಿಯಿತೇ?

ನಮ್ಮನ್ನು ಉಳಿಸಿದವರು ಸರ್ಕಾರಿ ವಕೀಲರು! ಅವರು ಎದ್ದು ನಕ್ಕರು.

"ಸ್ವಾಮಿ, ಇವನಿಗೆ ಓದಿಲ್ಲ, ಬರಹ ಇಲ್ಲ. ಬೆರಳು ಮಡಿಸಿ ಹತ್ತು ಎಣಿಸಿದರೆ ಹೆಚ್ಚು. ಮರದ ಲೆಕ್ಕ ಇವನಿಗೆ ಏನು ಗೊತ್ತಿರುತ್ತದೆ?"

ಸಣ್ಣಯ್ಯ ತಲೆ ಎತ್ತಿದ. ಕಿವಿ ಕೆಂಪಾಯಿತು. ಗುಂಡಯ್ಯನನ್ನು ಮರೆತೇಬಿಟ್ಟ!

"ಏನಂದ್ರಿ ಸಾ? ನಂಗೆ ಮರದ್ ಲೆಕ್ಕ ಗೊತ್ತಿಲ್ವಾ?"

"ಗೊತ್ತಿದ್ದರೆ ಹೇಳಯ್ಯ."

"ಎಂಬತ್ಮೂರು! ಮರ ಅತ್ತೋನ್ಗೆ ಮರಕ್ಕೊಂದು ಕಾಯಿ ಕೂಲಿ. ನಮ್ಮಪ್ಪನ್ ಕಾಲ್ದಿಂದ ಅದೇ ಪದ್ಧತಿ. ಮಲ್ಲಿಗಮ್ಮ ಪ್ರತಿ ಕೊಯ್ಲಿಗೂ ಎಂಬತ್ಮೂರು ಕಾಯಿ ಎಣಿಸಿ ನನ್ ಗೋಣಿಗೆ ಆಕವ್ಳೆ. ಒಂದ್ ಮರ ಮರ್ತ್ರೆ ಒಂದ್ ಕಾಯಿ ಓಯ್ತು. ಮರಿತೀನಾ ನಾನು?"

ಸರ್ಕಾರಿ ವಕೀಲರು ಬಿಡಲಿಲ್ಲ.

"ಮರ ಇದ್ದಿರಬಹುದು. ಆದರೆ ಅವು ಫಲ ಬಿಡುತ್ತಿರಲಿಲ್ಲ!"

"ಕಾಯಿ ಇಲ್ದಿರೋ ಮರಕ್ಕೆ ಕೂಲಿ ಕೊಟ್ಟು ಯಾರ್ ಸಾ ಅತ್ತುಸ್ತಾರೆ? ಗಾಳಿ ಸೇವ್ಸಕ್ಕಾ?"

ಕೋರ್ಟಿನಲ್ಲಿ ನಗು ಎದ್ದಿತು. ಈಶ್ವರಯ್ಯನವರು ಮೆಲ್ಲಗೆ ಕೇಳಿದರು.

"ಪಕ್ಕದ ಜಮೀನಿನಲ್ಲಿ ಎಷ್ಟಿದ್ದವು?"

"ಗುಂಡಯ್ಯನೋರ್ದಾ? ಒಂಬತ್ತು. ಅದ್ರಾಗೂ ಎಲ್ಡು ಮರದ ಕೂಲಿ ಕಾಯಿ ಮೂರು ವರ್ಸದ್ದು ಕೊಟ್ಟಿಲ್ಲ ಬುದ್ಧಿ! ಅದ್ನೂ ಬರ್ಕೊಳಿ!"

ಜಡ್ಜ್ ಸಾಹೇಬರು ಬರೆದುಕೊಂಡರೋ ಇಲ್ಲವೋ ಕಾಣಲಿಲ್ಲ. ಕನ್ನಡಕ ತೆಗೆದು ಸಣ್ಣಯ್ಯನನ್ನೇ ನೋಡಿದರು.

"ಎಲ್ಲ ಸರಿ. ಹಾಗಾದರೆ ಆಕೆ ಮರ ಒಣಗಿದೆ ಅಂತ ಹೆಬ್ಬೆಟ್ಟು ಒತ್ತಿದ್ದು ಯಾಕೆ?"

ಸಣ್ಣಯ್ಯ ಕೈ ಮುಗಿದ.

"ಬುದ್ಧಿ, ತಪ್ಪು ತಿಳೀಬ್ಯಾಡಿ. ದಾರೀಲಿ ಓಗೋನು ಬಂದು, ನಿಮ್ಮನೆ ಅಸ ಎಷ್ಟು ಆಲು ಕರೀತದೆ ಅಂದ್ರೆ ನೀವು ನಿಜ ಯೋಳ್ತೀರಾ?"

ಈಶ್ವರಯ್ಯನವರು ಹಣೆ ಒತ್ತಿಕೊಂಡರು. ಜಡ್ಜ್ ಸಾಹೇಬರು ಕನ್ನಡಕ ಮತ್ತೆ ಹಾಕಿಕೊಂಡರು.

"ಇಲ್ಲ" ಅಂದರು. "ನಮ್ಮ ಮನೆಯಲ್ಲೂ ಹೇಳುವುದಿಲ್ಲ."

ಈ ಸಲ ಸರ್ಕಾರಿ ವಕೀಲರೂ ನಕ್ಕರು. ನಗದವನು ಒಬ್ಬನೇ. ಹಿಂದಿನ ಬೆಂಚು ಖಾಲಿಯಾಗುವ ಸದ್ದು ಕೇಳಿಸಿತು.

ಹದಿನೈದು ದಿನಕ್ಕೆ ತೀರ್ಪು ಬಂತು. ಎರಡೆಕರೆಗೂ ತೋಟದ ದರ. ಎಂಬತ್ತಮೂರು ಮರಕ್ಕೂ ಫಲದ ಬೆಲೆ. ಬಲವಂತವಾಗಿ ಕಿತ್ತುಕೊಂಡದ್ದಕ್ಕೆ ಕಾನೂನಿನ ಪ್ರಕಾರ ಮೇಲೆ ನೂರಕ್ಕೆ ಹದಿನೈದು. ಮಲ್ಲಿಗಮ್ಮ ಕಟ್ಟಾಯದ ಹತ್ತಿರ ಎರಡೆಕರೆ ಕೊಂಡಳು. ಬಾವಿ ಇರುವ ನೆಲ. ಇನ್ನು ಮೇಲೆ ಅವಳು ಯಾರ ಹೊಲದಲ್ಲೂ ಕಳೆ ಕೀಳಬೇಕಾಗಿಲ್ಲ. ನೋಂದಣಿಯ ದಿನ ನನ್ನ ಕೈ ಹಿಡಿದುಕೊಂಡು ನಿಂತಳು. ನನಗೆ ಯಾವ ಫೀಸೂ ಅಷ್ಟು ಸಂತೋಷ ಕೊಟ್ಟಿಲ್ಲ, ಸುಳ್ಳು ಹೇಳುವುದಿಲ್ಲ. ಸಣ್ಣಯ್ಯನನ್ನೂ ಸಂಸಾರ ಸಮೇತ ಅಲ್ಲಿಗೇ ಕರೆದುಕೊಂಡು ಹೋದಳು. ಕಟ್ಟಾಯದಲ್ಲೂ ಮರಗಳಿವೆ, ಹತ್ತುವವರು ಬೇಕು.

ತಿಂಗಳು ಕಳೆಯಿತು. ಬಸ್ ಸ್ಟ್ಯಾಂಡ್ ಎದುರಿನ ಹೋಟೆಲಿನಲ್ಲಿ ಕಾಫಿ ಕುಡಿಯುತ್ತಿದ್ದೆ. ಎದುರಿಗೆ ಒಬ್ಬರು ಬಂದು ನಿಂತರು. ಜರಿ ಶಲ್ಯ. ಹಿಂದೆ ಕೊಡೆ ಹಿಡಿದ ಮೀಸೆ ಚೆನ್ನಯ್ಯ.

"ಪಾಪಯ್ಯನೋರೇ..." ಅಂದ ಗುಂಡಯ್ಯ.

ಪಾಪಯ್ಯನೋರೇ! ನಮ್ಮ ಅಪ್ಪನ ಕಾಲದಿಂದ ಅಂಥವರ ಬಾಯಿಂದ ನಮ್ಮ ಕೇರಿಯವರಿಗೆ 'ಲೇ' ಬಿಟ್ಟು ಬೇರೆ ಬಂದದ್ದಿಲ್ಲ. ಕಾಫಿ ಇನ್ನೂ ಸಿಹಿಯಾಯಿತು.

"ಸರ್ಕಾರ್ದೋರು ನೋಟೀಸ್ ಕೊಟ್ಟವ್ರೆ. ಐವತ್ಮೂರು ಮರದ್ ದುಡ್ಡು ವಾಪಸ್ ಕಟ್ಟು, ಇಲ್ದಿದ್ರೆ ಕೇಸು ಅಂತಾರೆ. ನಿಮ್ಮಂಗೆ ಸಾಕ್ಷಿ ತರೋರು ಈ ಜಿಲ್ಲೇಲಿ ಇಲ್ಲ. ನೀವೇ ನನ್ ಕಡೆ ನಿಂತ್ಕೋಬೇಕು. ಎಷ್ಟಾದ್ರೂ ಕೊಡ್ತೀನಿ."

ನಾನು ಕುರ್ಚಿ ಎಳೆದು ಕೊಟ್ಟೆ.

"ಕೂತ್ಕೊಳಿ ಗುಂಡಯ್ಯನೋರೇ. ಒಂಬತ್ತು ಮರ ನಿಮ್ಮವೇ ಅಂತ ಯಾವ್ ಕೋರ್ಟ್‌ನಲ್ಲಿ ಬೇಕಾದ್ರೂ ಸಾಬೀತು ಮಾಡ್ಕೊಡ್ತೀನಿ, ಬಿಟ್ಟಿ. ಹತ್ತನೇದು ಬೇಕು ಅಂದ್ರೆ ಕೆರೇಲಿ ಮುಳುಗಿ ಹುಡುಕ್ಬೇಕು... ನಂಗೆ ಈಜು ಬರಾಕಿಲ್ಲ!"